ಬ್ರಿಸೋ ನಡೀತಿದ್ದ ನಡಿಗಿ

ನಮ್ಮ ಮನ್ಯಾಗ ಮೂರು ಮಂದಿ ಇದ್ದೀವಿ. ನಾನು, ನಮ್ಮ ಯಜಮಾನ್ರು ಡಾಕ್ಟರ್ ಬಸವಂತಪ್ಪ, ಮತ್ತ ತೊಂಬತ್ತು ವರ್ಷದ ಹಿಂದ ಮೂಕಿ ಸಿನಿಮಾದಾಗ ಓಡಾಡಿದ ಒಕ್ತಾವ್ ಬ್ರಿಸೋ ಅನ್ನೋ ಫ್ರೆಂಚ್ ನಟ. ಮೂರನೇದವನ ಚಾಕರಿನ ಹೆಚ್ಚು.

ಧಾರವಾಡದಿಂದ ಬಂದು ಇಪ್ಪತ್ತೆಂಟು ವರ್ಷ ಇಲ್ಲಿ ವಿಲಾಯತಿ ದವಾಖಾನ್ಯಾಗ ಇವರು ಆಪರೇಶನ್ ಮಂದಿಗೆ ಮಂಪರು ಬರಿಸಿದ್ರು. ತೊಂಬತ್ತಾರರಾಗ ರಿಟೈರ್ ಆದ್ರು. ಈಗ ಬ್ರಿಸೋನ ಕತಿ ಹೇಳಿ ನನಗ ಮಂಪರು ಬರಸ್ತಾರ. ವಾರಕ್ಕ ಎರಡು ಸಲ ರೇನರ್ಸ್ ಲೇನ್‌ನಾಗ ಟ್ಯೂಬ್ ರೈಲು ಹತ್ತಿ ಹಳೇ ಫಿಲ್ಮ್ ನೋಡಾಕ ಹೋಗೋದು, ಬಂದು ಪೇಶೆಂಟ್‌ನ ಕೇಸ್ ಪೇಪರ್ ಬರದಂಗ ಬರಿಯೋದು. ೧೯೦೬: ಪ್ಯಾರಿಸ್ಸಿನ ಸ್ಟುಡಿಯೋ ಸೇರಿದ, ಕಳ್ಳನ ಬೆನ್ನ ಹತ್ತಿ ಬೀಳೋ ಪೊಲೀಸ್. ೧೯೦೯: ತಾಟು ಒಡಿಯೋ ವೇಟರ್. ೧೯೧೧: ಅವನ ಹೆಸರಿನ ಮ್ಯಾಲೇ ವಾರಕ್ಕೊಂದು ನಗಿ ಫಿಲ್ಮ್. ೧೯೧೩: ಬಂದ್. ಯಾಕ ಬಂದ್ ಆತು? ಇದ ಇವರ ತಲಿ ತಿನ್ನೋ ಪ್ರಶ್ನೆ.

ನನ್ನ ತಲಿ ತಿನ್ನೋದು ಬ್ಯಾರೇ ಇತ್ತು. ಎರಡು ವರ್ಷದಿಂದ ಇವರ ಬಲಗೈ ಅಂಗಿ ಗುಂಡಿ ಹಾಕಾಕ ಒದ್ದಾಡತಿತ್ತು. "ಜಿಪಿ ಡಾಕ್ಟರ್ ಕಡೆ ನಡೀರಿ" ಅಂದ್ರ, "ನಾನ ಡಾಕ್ಟರ್ ಇದ್ದೀನಲ್ಲ, ಥಂಡಿಗೆ ಹಂಗಾಗತೈತಿ" ಅಂತಿದ್ರು. ಡಾಕ್ಟರ್‌ನ ಮಾರಿ ನೋಡದ ಮನಿ ಅಂದ್ರ ಡಾಕ್ಟರ್ ಮನಿನ ನೋಡ್ರಿ! ಹೇಳಿ ಹೇಳಿ ನನ್ನ ಬಾಯಿ ನೊಂದಿತ್ತು.

೨೦೦೩ರ ಯುಗಾದಿಗೆ ವೆಂಬ್ಲಿಯ ಹಾಲ್‌ನಾಗ ಕನ್ನಡ ಮಂದಿ ಕೂಡಿದ್ವಿ. ಇವರಿಗೆ ಹದಿನೈದು ನಿಮಿಷ ಭಾಷಣಕ್ಕ ಕೊಟ್ಟಿದ್ರು. ಹೋಳಿಗಿ ಕಾಯೋ ಮಂದಿಗೆ ಬ್ರಿಸೋ ಯಾಕ ಬೇಕು? ಅಂಕಿತಾ, ಬ್ಯಾರೇ ಮನಿ ಮಾಡಿರೋ ನಮ್ಮ ಮಗಳು, "ಅಮ್ಮ, ಪ್ಲೀಸ್ ಸ್ಟಾಪ್ ಹಿಮ್" ಅಂದ್ಲು. ನಿಲ್ಲಸಾಕ ಯಾರಪ್ಪನ ಕೈಲಿ ಆಗತೈತಿ?

ಸ್ಟೇಜ್ ಹತ್ತಿದ್ರ ಇವರ ಭಾಷಾ ಬೆಂಗಳೂರಾಗತೈತಿ. "ಉತ್ತರ ಸಿಕ್ಕಿದೆ," ಅಂದ್ರು. "ಕುಡಿದು ಬರ್ತಾನೆ ಅಂತ ಸ್ಟುಡಿಯೋದವರು ಬ್ರಿಸೋನ ತೆಗೆದುಹಾಕಿದರು. ಅವನು ಕುಡೀತಿರಲಿಲ್ಲ. ಅದು ನರದ ಕಾಯಿಲೆ. ಕಡೇ ಫಿಲ್ಮಿನಲ್ಲಿ ಹೀಗೆ ನಡೀತಾನೆ."

ಹಂಗಂದು ನಡದು ತೋರಿಸಿದ್ರು. ಸಣ್ಣ ಸಣ್ಣ ಹೆಜ್ಜಿ. ಎಡಗೈ ಬೀಸತಿತ್ತು, ಬಲಗೈ ಬೀಸಲಿಲ್ಲ. ಹೊಳ್ಳಾಕ ನಾಕು ಹೆಜ್ಜಿ ಬೇಕಾದ್ವು.

ಹಾಲ್‌ಗೆ ಹಾಲ್ ಚಪ್ಪಾಳಿ ಹೊಡೀತು. "ಅಬ್ಬಬ್ಬಾ, ಏನ್ ಆ್ಯಕ್ಟಿಂಗ್ ರೀ!" ಅಂತ ಬಾಜೂಕ ಕೂತ ರತ್ನಾಬಾಯಿ ನನ್ನ ತೊಡಿ ಚಿವುಟಿದ್ಲು. ದಿನಾ ಮುಂಜಾನೆ ಅಡಗಿಮನಿಗೆ ಹಂಗ ಬರ್ತಾರವ್ವಾ, ಎಲ್ಲೀ ಆ್ಯಕ್ಟಿಂಗ್! ಮುಂದಿನ ಸಾಲಿನಾಗ ಮೈಸೂರಿನ ರಜನಿ, ಗೋಪೀನಾಥ, ಇನ್ನಿಬ್ಬರು, ನಾಕೂ ಮಂದಿ ಡಾಕ್ಟರರು, ಕೂತಿದ್ರು. ಆ ನಾಕು ಮಂದಿ ಚಪ್ಪಾಳಿ ಹೊಡೀಲಿಲ್ಲ. ರಜನಿ ಹೊಳ್ಳಿ ನನ್ನ ಮಾರಿ ನೋಡಿದ್ಲು.

ಇವರು ಇಳದು ಬಂದು, "ಹೆಂಗಾತು?" ಅಂದ್ರು.

"ಯಾವಾಗ ಗೊತ್ತಾತು ನಿಮಗ?"

"ಬ್ರಿಸೋಂದಾ?"

"ನಿಮ್ಮದು."

ಕುರ್ಚಿ ಹಿಡಕೊಂಡು ಕೂತ್ರು. "ಹ್ವಾದ ವರ್ಷ, ಮಾರ್ಚ್‌ದಾಗ."

ಒಂದು ವರ್ಷ! "ಸತ್ತವನ ರೋಗ ಇನ್ನೂರು ಮಂದಿಗೆ ಹೇಳ್ತೀರಿ, ನನಗೊಂದು ಮಾತು ಹೇಳಾಕ ಏನಾಗಿತ್ತು ಧಾಡಿ?" ಅಂದೆ. ಬೈಕೋತ ಬೈಕೋತ ಅಳು ಬಂತು.

"ನಿನ್ನ ಮುಂದ ಹೇಳಾಕ ಬಾಯಿ ಬರಲಿಲ್ಲ," ಅಂದ್ರು. "ಅದಕ್ಕ ನಡದು ತೋರಿಸಿದೆ."

ಅವರ ಬಲಗೈ ಗಟ್ಟಿ ಹಿಡಕೊಂಡೆ. "ಮುಂಜಾನೆ ಎಂಟಕ್ಕ ಜಿಪಿಗೆ ಫೋನ್ ಹಚ್ತೀನಿ. ಒಲ್ಲೆ ಅಂದ್ರ ನೋಡ್ರಿ ಮತ್ತ!"

ಒಲ್ಲೆ ಅನಲಿಲ್ಲ.