ಮೊಲದ ಕಣ್ಣಿಗೆ ಸುರಮ

ಕಲ್ಯಾಣದ ಮನೆಯಲ್ಲಿ ನಮಗೆ ಎರಡು ಬಿಳಿ ಮೊಲಗಳಿದ್ದವು. ಅಂಗಡಿಯ ಬಟ್ಟೆ ತರಲು ಹೈದರಾಬಾದಿಗೆ ಹೋದಾಗ ಅಪ್ಪ ತಂದಿದ್ದ. ತಂದವನು ಅವನು, ಸಾಕಿದವಳು ಅವ್ವ. ಆಗಿನ್ನೂ ನಿಜಾಮರ ಆಳ್ವಿಕೆ. ನಾನು ಲಂಗ ಉಡುವ ಹುಡುಗಿ.

ಒಂದು ಬೇಸಿಗೆಯಲ್ಲಿ ಹಸಿ ಹುಲ್ಲು ಸಿಗದೆ ಗೂಡಿಗೆ ಒಣಹುಲ್ಲು ಹಾಸಿದೆವು. ಮರುದಿನ ಹೆಣ್ಣು ಮೊಲ ಎಡಗಣ್ಣು ಮುಚ್ಚಿಕೊಂಡು ಮೂಲೆ ಹಿಡಿದಿತ್ತು. ಕೆನ್ನೆಯ ಕೂದಲು ಕಣ್ಣೀರಿಗೆ ಅಂಟಿಕೊಂಡಿತ್ತು. ಅವ್ವ ಅದನ್ನು ಸೆರಗಿನಲ್ಲಿ ಸುತ್ತಿ ಮಡಿಲಿಗೆ ತೆಗೆದುಕೊಂಡು ರೆಪ್ಪೆ ಎತ್ತಿ ನೋಡಿದಳು.

“ಹುಲ್ಲಿನ ಮುಳ್ಳು ಹೊಕ್ಕೈತಿ. ನೀರು ಕಾಸಿ, ಆರಿಸಿ ತಾ. ಹತ್ತಿ ತೊಯ್ಸಿ ತೆಗೀತೀನಿ.”

ನಾನು ನೀರು ತರುವಷ್ಟರಲ್ಲಿ ಅಪ್ಪ ಊಟಕ್ಕೆ ಬಂದ. ಕಣ್ಣಿನ ಯಾವ ಬೇನೆಗೂ ಅವನದು ಒಂದೇ ಮದ್ದು: ಪಟಿಕ ಅರೆದು ಬೆರೆಸಿದ ಸುರಮ, ಕಣ್ಣಿಗೆ ಹಚ್ಚುವ ಕಪ್ಪು ಪುಡಿ. ಡಬ್ಬಿ ತೆಗೆದುಕೊಂಡು ಅವ್ವನ ಎದುರು ಕುಕ್ಕರಗಾಲಲ್ಲಿ ಕೂತ.

“ಬ್ಯಾಡ್ರಿ. ಮೊದಲ ಮುಳ್ಳು ತೆಗೀಬೇಕು.”

“ನೀ ಯಾವಾಗ ಹಕೀಮಳಾದಿ? ಗಟ್ಟಿ ಹಿಡಿ.”

ಅವ್ವ ಹಿಡಿದಳು, ಅಪ್ಪ ಸುರಮ ಎಳೆದ. ಮೊಲಕ್ಕೆ ಕಿರುಚಲು ಬರುತ್ತದೆಂದು ನನಗೆ ಅವತ್ತು ಗೊತ್ತಾಯಿತು. ಅದು ಕೈಯಿಂದ ಜಾರಿಕೊಂಡು ಗೂಡಿನ ಹಿಂದೆ ಹೊಕ್ಕು, ಎರಡೂ ಮುಂಗಾಲಿನಿಂದ ಕಣ್ಣು ಕೆರೆದುಕೊಂಡಿತು. ಅಪ್ಪ ಕೈ ತೊಳೆದು ಉಂಡು ಅಂಗಡಿಗೆ ಹೋದ. ಆಮೇಲೆ ಅವ್ವ ನೀರು ಬಿಟ್ಟು ಕಣ್ಣು ತೊಳೆದಳು. ಮುಳ್ಳು ಹತ್ತಿಗೆ ಅಂಟಿ ಬಂತು. ಒಣಹುಲ್ಲೆಲ್ಲ ಬಳಿದು ಹೊರಗೆ ಹಾಕಿ ಹಳೆಯ ಸೀರೆ ಹಾಸಿದಳು. ಆದರೆ ಗಾಯ ಆಗಿಹೋಗಿತ್ತು. ಕೆಂಪು ಕಣ್ಣಿನ ಮೇಲೆ ನಿಧಾನಕ್ಕೆ ಬಿಳಿ ಪೊರೆ ಕಟ್ಟಿತು.

ಅಪ್ಪ ತಪ್ಪಾಯಿತೆಂದಿದ್ದರೆ ಮರೆಯಬಹುದಿತ್ತೇನೋ. ಅವನು ಕಥೆಯನ್ನೇ ಬದಲಿಸಿದ. ಮಂಠಾಳದಿಂದ ಬಂದ ನೆಂಟರೊಬ್ಬರು ಮೊಲದ ಕಣ್ಣಿಗೇನಾಯಿತೆಂದು ಕೇಳಿದಾಗ, “ಹುಟ್ಟಾ ಕುರುಡ್ರಿ. ಹೈದರಾಬಾದಿನವ ಮೋಸ ಮಾಡಿದ,” ಎಂದು ನಕ್ಕ.

ಒಳಬಾಗಿಲಲ್ಲಿ ನಿಂತಿದ್ದ ಅವ್ವ ಅಂದಳು: “ಸುಳ್ಳ್ಯಾಕ ಹೇಳಾಕತ್ತೀರಿ? ಸುರಮ ಹಾಕಿ ನೀವೇ ಕಳದ್ರಲ್ಲ.”

ನೆಂಟರು ಚಹದ ಬಟ್ಟಲು ನೋಡುತ್ತ ಕೂತರು. ಅಪ್ಪ ಬಯ್ಯಲಿಲ್ಲ. ಮರುದಿನ ಬೆಳಗ್ಗೆ ಆ ಮೊಲವನ್ನು ಬುಟ್ಟಿಯಲ್ಲಿ ಕಟ್ಟಿ ಹುಮನಾಬಾದಿನ ತನ್ನ ಅಣ್ಣನ ಮನೆಗೆ ಕಳಿಸಿಬಿಟ್ಟ. ಅವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ಅಂಗಳಕ್ಕೆ ಬಂದಾಗ ಬಂಡಿ ಓಣಿ ದಾಟಿತ್ತು.

ಮಳೆಗಾಲ ಮುಗಿದ ಮೇಲೆ ದೊಡ್ಡಪ್ಪನ ಮಗಳ ಮದುವೆಗೆ ನಾವು ಹುಮನಾಬಾದಿಗೆ ಹೋದೆವು. ಅವ್ವ ಕಾಲು ತೊಳೆಯುವ ಮೊದಲೇ ಮೊಲ ಎಲ್ಲಿ ಎಂದು ಕೇಳಿದಳು.

“ಅಯ್ಯ, ಅದು ಬಂದ ವಾರದಾಗ ಹೋತು,” ಎಂದಳು ದೊಡ್ಡವ್ವ. “ಅಂಗಳದಾಗ ಬಿಟ್ಟಿದ್ವಿ. ಕಣ್ಣಿಲ್ಲದ ಕಡಿಂದ ನಾಯಿ ಬಂತು. ಅದಕ್ಕ ಕಾಣಲೇ ಇಲ್ಲ.”

ಅಪ್ಪ ಅಲ್ಲೇ ಇದ್ದ. ಶಾಮಿಯಾನದ ಹಗ್ಗ ಸಡಿಲಾಗಿದೆಯೆಂದು ಆಳನ್ನು ಕರೆಯುತ್ತ ಹೊರಗೆ ನಡೆದ.

ಮರಳುವಾಗ ಬಂಡಿಯಲ್ಲಿ ಅಪ್ಪ ಮುಂದೆ ಕೂತಿದ್ದ, ನಾವಿಬ್ಬರು ಹಿಂದೆ. ಅವ್ವ ನನ್ನ ಕಿವಿಯ ಹತ್ತಿರ ಅಂದಳು: “ನಾ ಅವತ್ತು ನೆಂಟರ ಮುಂದ ಬಾಯಿ ಮುಚಗೊಂಡಿದ್ರ ಅದು ಬದುಕತಿತ್ತು ನೋಡವ್ವ.”

ಮೊಲದ ಕಣ್ಣು ಹೋದದ್ದಕ್ಕೆ ಅಪ್ಪನನ್ನು ಎಂದೋ ಕ್ಷಮಿಸಿದ್ದೇನೆ. ಅವ್ವನ ಬಾಯಲ್ಲಿ ಆ ಮಾತು ಬರುವ ಹಾಗೆ ಮಾಡಿದ್ದಕ್ಕೆ ಮಾತ್ರ, ಅವನು ಸತ್ತು ಇಷ್ಟು ವರ್ಷವಾದರೂ, ಕ್ಷಮಿಸಲಾಗಿಲ್ಲ.