ಓಬಳಮ್ಮ ನಂದಿಸಿದ ಕೆಂಪು ದೀಪ

ಶಿಡ್ಲಘಟ್ಟದಿಂದ ಚಿಂತಾಮಣಿಗೆ ಹೋಗುವ ರಸ್ತೆಯಲ್ಲಿ, ಊರು ಮುಗಿಯುವ ಕಡೆ, ಕಾರು ರಿಪೇರಿ ಮಾಡುವ, ತಗಡಿನ ಛಾವಣಿಯ ಒಂದು ಶೆಡ್ಡಿದೆ. ಬೋರ್ಡಿನ ಮೇಲೆ ಆವಲಪ್ಪನ ಹೆಸರಿದೆ. ಕೆಲಸ ಮಾಡುವವಳು ಅವನ ಹೆಂಡತಿ ಓಬಳಮ್ಮ. ಹನ್ನೊಂದು ವರ್ಷದ ಹಿಂದೆ ಗೇರ್‌ಬಾಕ್ಸ್ ಎತ್ತಲು ಹೋಗಿ ಆವಲಪ್ಪನ ಸೊಂಟ ಹಿಡಿದುಕೊಂಡಿತು. ಅಂದಿನಿಂದ ಅವನು ಬಾಗಿಲ ಬಳಿ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು ಬಾಯಿಂದಲೇ ರಿಪೇರಿ ಮಾಡುತ್ತಾನೆ. ಸ್ಪ್ಯಾನರ್ ಹಿಡಿಯುವವಳು ಓಬಳಮ್ಮ.

ಅದಕ್ಕೂ ಮೊದಲು ಅವಳು ಹದಿನೆಂಟು ವರ್ಷ ರೇಷ್ಮೆ ನೂಲು ಬಿಚ್ಚುವ ಫ್ಯಾಕ್ಟರಿಯಲ್ಲಿದ್ದಳು. ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಅಲ್ಲಿ ಸೇರಿದ್ದು. ಬಿಸಿನೀರಿನ ತೊಟ್ಟಿಯಲ್ಲಿ ತೇಲುವ ಗೂಡುಗಳ ಎಳೆಯ ತುದಿ ಹುಡುಕಿ ಹುಡುಕಿ ಅವಳ ಬೆರಳ ತುದಿಗಳಿಗೆ ಬಿಸಿ ಎಂದರೆ ಲೆಕ್ಕಕ್ಕಿಲ್ಲ. ಬೇರೆ ಮೆಕ್ಯಾನಿಕ್ಕುಗಳು ಇಂಜಿನ್ನು ತಣ್ಣಗಾಗಲಿ ಎಂದು ಬೀಡಿ ಹಚ್ಚುವ ಹೊತ್ತಿಗೆ ಓಬಳಮ್ಮ ಬರಿಗೈಯಲ್ಲಿ ನಾಲ್ಕು ಬೋಲ್ಟು ಬಿಚ್ಚಿಟ್ಟಿರುತ್ತಾಳೆ.

ಫ್ಯಾಕ್ಟರಿಯಿಂದ ಅವಳು ತಂದ ಇನ್ನೊಂದು ಅಭ್ಯಾಸವೂ ಇತ್ತು. ಬೇರೆ ಗ್ಯಾರೇಜುಗಳಲ್ಲಿ ಕೈ ಒರೆಸಲು ಬನಿಯನ್ ಬಟ್ಟೆಯ ಚೂರುಗಳಿರುತ್ತವೆ. ಓಬಳಮ್ಮನ ಶೆಡ್ಡಿನಲ್ಲಿ ರೇಷ್ಮೆ. ನೂಲು ತೆಗೆದ ಮೇಲೆ ಉಳಿಯುವ ಸಿಕ್ಕು ಸಿಕ್ಕಾದ ಎಳೆಗಳ ವೇಸ್ಟು. ಹಳೆಯ ಗೆಳತಿಯರು ತಿಂಗಳಿಗೊಂದು ಚೀಲ ಕಳಿಸುತ್ತಿದ್ದರು. ಆಯಿಲ್ ಕಡ್ಡಿ ಒರೆಸುವುದು ಅದರಲ್ಲಿ, ಇಂಜಿನ್ನು ಬಿಚ್ಚಿದಾಗ ರಸ್ತೆಯ ಧೂಳು ಬೀಳದಂತೆ ತೂತುಗಳಿಗೆ ತುರುಕುವುದೂ ಅದನ್ನೇ. "ನಮ್ಮ ಶೆಡ್ಡಿಗೆ ಬಂದ ಗಾಡಿಗೆ ರೇಷ್ಮೆ ಮರ್ಯಾದೆ" ಎಂದು ಆವಲಪ್ಪ ಬಂದವರಿಗೆಲ್ಲ ಹೇಳುತ್ತಿದ್ದ. ಓಬಳಮ್ಮನಿಗೂ ಆ ಮಾತು ಕೇಳಲು ಇಷ್ಟ.

ಫೆಬ್ರವರಿಯ ಒಂದು ಶುಕ್ರವಾರ ಸಂಜೆ ಸಂಘಮಿತ್ರ ಟೀಚರ ಬಿಳಿ ಕಾರು ಶೆಡ್ಡಿನ ಮುಂದೆ ನಿಂತಿತು. ಸಂಘಮಿತ್ರ ಕೆಂಚಾರ್ಲಹಳ್ಳಿಯ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತಾಳೆ. ಅವಳ ಮನೆತನದಲ್ಲಿ ಕಾರು ಕೊಂಡವರಲ್ಲಿ ಅವಳೇ ಮೊದಲು. ಸಣ್ಣ ಪೆಟ್ರೋಲ್ ಕಾರು, ಟರ್ಬೊ ಇಂಜಿನ್ನು. ಅವತ್ತು ಇಳಿದವಳ ಮುಖದಲ್ಲಿ ಜೀವವಿರಲಿಲ್ಲ.

"ಓಬಳಮ್ಮಕ್ಕಾ, ಆಯಿಲ್ ದೀಪ ಬರ್ತಾ ಇದೆ. ಕೆಂಪಗೆ. ಚಿಕ್ಕಬಳ್ಳಾಪುರದಲ್ಲಿ ಜಗನ್ ಅವರ ಗ್ಯಾರೇಜಿಗೆ ಹೋಗಿದ್ದೆ. ಮೆಷಿನ್ ಹಾಕಿ ನೋಡಿದ್ರು. ಇಂಜಿನ್ನೇ ಹೋಗಿದೆ, ಬೇರಿಂಗ್ ಸವೆದಿದೆ ಅಂದ್ರು. ಇವತ್ತು ಅಲ್ಲಿ ಜಾಗ ಇಲ್ವಂತೆ, ನಾಳೆ ಸಂಜೆ ಗಾಡಿ ಕಳಿಸಿ ಎತ್ತಿಸ್ಕೊಂಡು ಹೋಗ್ತಾರಂತೆ. ಎರಡು ವಾರ ಆಗುತ್ತಂತೆ."

"ಆಗ್ಲಿ ಬಿಡಮ್ಮ, ಎರಡು ವಾರ ಬಸ್ಸಲ್ಲಿ ಓಡಾಡು" ಎಂದ ಆವಲಪ್ಪ.

"ಭಾನುವಾರ ಗೌರಿಬಿದನೂರಲ್ಲಿ ರಿಲೇ ಓಟ ಇದೆ, ಅಣ್ಣ. ಜಿಲ್ಲಾ ಮಟ್ಟದ್ದು. ನಮ್ಮ ಸ್ಕೂಲಿನ ನಾಲ್ಕು ಹುಡುಗೀರು. ಏಳೂವರೆಗೆ ಹೆಸರು ಕೊಡ್ಬೇಕು, ಅಷ್ಟೊತ್ತಿಗೆ ತಲುಪೋ ಬಸ್ಸಿಲ್ಲ. ಟೀಚರೇ ಕಾರು ಓಡಿಸಿಕೊಂಡು ಹೋಗ್ತಾರೆ ಅಂದಿದ್ದಕ್ಕೇ ಅವರ ಮನೇಲಿ ಒಪ್ಪಿರೋದು. ಬೇರೆ ಡ್ರೈವರ್ ಅಂದ್ರೆ ಕಳಿಸಲ್ಲ."

ಓಬಳಮ್ಮ ಕೈ ಒರೆಸಿಕೊಂಡು ಬಾನೆಟ್ ಎತ್ತಿದಳು. "ಚಿಕ್ಕಬಳ್ಳಾಪುರದಿಂದ ಇಲ್ಲಿಗೆ ಹೆಂಗೆ ಬಂದ್ರಿ? ದೀಪ ಉರೀತಿದ್ದಂಗೇ ಓಡಿಸಿದ್ರಾ?"

"ಇಲ್ಲಕ್ಕ. ದೀಪ ಬಂದ ಕೂಡಲೇ ನಿಲ್ಲಿಸ್ತಿದ್ದೆ. ಹತ್ತು ನಿಮಿಷ ಬಿಟ್ಟು ಸ್ಟಾರ್ಟ್ ಮಾಡಿದ್ರೆ ದೀಪ ಇರ್ತಿರಲಿಲ್ಲ. ಹಂಗೇ ಮೂರು ಕಡೆ ನಿಂತು ಬಂದೆ."

"ತಪ್ಪು ಮಾಡಿದ್ರಿ. ದೀಪ ಬಂದ ಜಾಗದಲ್ಲೇ ಬಿಟ್ಟು ನಂಗೆ ಫೋನ್ ಮಾಡ್ಬೇಕಿತ್ತು" ಎಂದಳು ಓಬಳಮ್ಮ. ಆದರೆ ಆ ಹತ್ತು ನಿಮಿಷದ ಮಾತು ಮಾತ್ರ ಅವಳ ತಲೆಯಲ್ಲಿ ಉಳಿಯಿತು.

ಆಯಿಲ್ ದೀಪ ಎಂದರೆ ಎಣ್ಣೆ ಕಡಿಮೆಯಾಗಿದೆ ಎಂದು ಜನ ತಿಳಿಯುತ್ತಾರೆ. ಅದು ಹೇಳುವುದು ಬೇರೆ: ಎಣ್ಣೆಯನ್ನು ಇಂಜಿನ್ನಿನ ಮೂಲೆಮೂಲೆಗೂ ತಳ್ಳುವ ಒತ್ತಡ ಕಡಿಮೆಯಾಗಿದೆ. ಟರ್ಬೊ ಇರುವ ಕಾರಿನಲ್ಲಿ ಇದು ದೊಡ್ಡ ಗಂಡಾಂತರ. ಸೈಲೆನ್ಸರ್ ಕಡೆಗೆ ಹೋಗುವ ಹೊಗೆಯ ರಭಸಕ್ಕೆ ನಿಮಿಷಕ್ಕೆ ಲಕ್ಷ ಸುತ್ತು ತಿರುಗುವ ಪುಟ್ಟ ಚಕ್ರ ಅದು. ಅದರ ಕಡ್ಡಿಯನ್ನು ಹಿಡಿದಿರುವುದು ಎಣ್ಣೆಯ ತೆಳುವಾದ ಒಂದು ಪದರ ಮಾತ್ರ. ಎಣ್ಣೆ ಬರಲಿಲ್ಲವೆಂದರೆ ಗಳಿಗೆಯಲ್ಲಿ ಸುಟ್ಟುಹೋಗುತ್ತದೆ.

ಶನಿವಾರ ಬೆಳಿಗ್ಗೆ ಏಳಕ್ಕೆ ಓಬಳಮ್ಮ ಕೆಲಸ ಶುರುಮಾಡಿದಳು. ಅವಳದು ಒಂದು ಹಟವಿತ್ತು: ಅಳೆಯದೆ ಯಾವುದನ್ನೂ ಬಿಚ್ಚಬಾರದು, ಅಳೆದದ್ದನ್ನೆಲ್ಲ ಶೆಡ್ಡಿನ ತಗಡಿನ ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಬರೆಯಬೇಕು. ಆಯಿಲ್ ಕಡ್ಡಿ ಎಳೆದು ನೋಡಿದಳು. ಎಣ್ಣೆ ಮೇಲಿನ ಗೆರೆಗೇ ಇದೆ. ಮೂಸಿದಳು. ಪೆಟ್ರೋಲ್ ವಾಸನೆಯಿಲ್ಲ. ಬೆರಳುಗಳ ನಡುವೆ ತಿಕ್ಕಿದಳು. ನೀರಾಗಿಲ್ಲ, ಜಿಡ್ಡು ಸರಿಯಾಗಿದೆ. ಮೂರನ್ನೂ ಬರೆದಳು.

"ದೀಪ ಹಚ್ಚೋ ಪ್ರೆಶರ್ ಸ್ವಿಚ್ಚು ಹೋಗಿರುತ್ತೆ, ಹೊಸದು ಹಾಕಿ ಕಳಿಸು" ಎಂದ ಆವಲಪ್ಪ ಕುರ್ಚಿಯಿಂದ.

"ಹೋಗಿದ್ರೆ ಗೇಜು ಹೇಳುತ್ತೆ. ನೀನು ಹೇಳ್ಬೇಡ."

"ನಾನು ಕಲಿಸಿದ ವಿದ್ಯೆ ಕಣೇ ಅದು."

"ಅದಕ್ಕೇ ಒಂದ್ಸಲ ಅಳೆದು ನೋಡ್ತೀನಿ."

ಬೆಂಚಿನ ಮೇಲೆ ಕೂತಿದ್ದ ಸಂಘಮಿತ್ರಳಿಗೆ ಎರಡು ದಿನದಲ್ಲಿ ಮೊದಲ ಸಲ ನಗು ಬಂತು.

ಓಬಳಮ್ಮ ಸ್ವಿಚ್ಚು ಬಿಚ್ಚಿ, ಆ ಜಾಗದಲ್ಲಿ ಒತ್ತಡ ಅಳೆಯುವ ಮುಳ್ಳಿನ ಗೇಜು ಕೂರಿಸಿ, ಇಂಜಿನ್ನು ಚಾಲೂ ಮಾಡಿದಳು. ತಣ್ಣಗಿರುವಾಗ ಮುಳ್ಳು ನಾಲ್ಕರ ಮೇಲೆ ನಿಂತಿತು. ಚೆನ್ನಾಗಿ ಬಿಸಿಯಾಗುವವರೆಗೂ ಆಕ್ಸಿಲರೇಟರ್ ಒತ್ತಿ ಹಿಡಿದು ಬಿಟ್ಟಳು. ಮುಳ್ಳು ಇಳಿಯುತ್ತ ಬಂದು, ಒಂದಕ್ಕೂ ಕೆಳಗೆ, ಅರ್ಧಕ್ಕೆ ನಿಂತಿತು. ಈ ಇಂಜಿನ್ನು ಬಿಸಿಯಾಗಿ ಸುಮ್ಮನೆ ತಿರುಗುವಾಗ ಒಂದಕ್ಕಿಂತ ಮೇಲಿರಬೇಕು. ದೀಪ ಸುಳ್ಳು ಹೇಳಿರಲಿಲ್ಲ. ಜಗನ್‌ನ ಮೆಷಿನ್ನೂ ಸುಳ್ಳು ಹೇಳಿರಲಿಲ್ಲ. ತಕ್ಷಣ ಇಂಜಿನ್ನು ನಿಲ್ಲಿಸಿದಳು.

ಸಂಘಮಿತ್ರ ಎದ್ದು ನಿಂತಳು. "ಹಂಗಾದ್ರೆ ಬೇರಿಂಗೇನಾ?"

"ಇರಿ ಟೀಚರಮ್ಮ. ಹತ್ತು ನಿಮಿಷ ಕೂತ್ಕೊಳಿ. ನೀವು ದಾರೀಲಿ ನಿಂತಂಗೆ ನಾನೂ ನಿಲ್ತೀನಿ."

ಹತ್ತು ನಿಮಿಷವೂ ಓಬಳಮ್ಮ ಗೇಜಿನ ಪಕ್ಕದಿಂದ ಕದಲಲಿಲ್ಲ. ಆಮೇಲೆ ಮತ್ತೆ ಚಾಲೂ ಮಾಡಿದಳು. ಇಂಜಿನ್ನು ಇನ್ನೂ ಕೈ ಸುಡುವಷ್ಟು ಬಿಸಿಯಿತ್ತು. ಆದರೂ ಮುಳ್ಳು ಎರಡಕ್ಕೆ ಏರಿ ನಿಂತಿತು. ಆರು ನಿಮಿಷ ನಿಂತಿತ್ತು. ಆಮೇಲೆ ಮೆಲ್ಲಗೆ, ಯಾರೋ ಕೆಳಗಿನಿಂದ ಎಳೆದಂತೆ, ಅರ್ಧಕ್ಕೆ ಇಳಿಯಿತು.

ಓಬಳಮ್ಮ ಅದನ್ನು ತಗಡಿನ ಮೇಲೆ ಬರೆದು, ಬರೆದದ್ದನ್ನೇ ನೋಡುತ್ತ ನಿಂತಳು. ಸವೆದ ಬೇರಿಂಗು ಹತ್ತು ನಿಮಿಷ ಸುಧಾರಿಸಿಕೊಂಡರೆ ಮತ್ತೆ ಬೆಳೆಯುವುದಿಲ್ಲ. ಹಾಗಾದರೆ ಸುಧಾರಿಸಿಕೊಳ್ಳುವುದು ಯಾವುದು?

ಫ್ಯಾಕ್ಟರಿಯ ತೊಟ್ಟಿ ನೆನಪಾಯಿತು. ಸಂಜೆ ತೊಟ್ಟಿಯ ನೀರು ಬಿಡಲು ಬಿರಡೆ ಎಳೆದರೆ ಮೊದಲು ಭರ್ರೆಂದು ಹೋಗುತ್ತದೆ. ಸ್ವಲ್ಪ ಹೊತ್ತಿಗೆ ತೇಲುತ್ತಿದ್ದ ಎಳೆಗಳೆಲ್ಲ ಬಂದು ತೂತಿನ ಜಾಲರಿಗೆ ಮೆತ್ತಿಕೊಂಡು ನೀರು ನಿಲ್ಲುತ್ತದೆ. ಬಿರಡೆ ಮುಚ್ಚಿ ಒಂದು ಗಳಿಗೆ ಸುಮ್ಮನಿದ್ದರೆ ಸೆಳೆತ ತಪ್ಪಿ ಎಳೆಗಳು ತಾವಾಗಿ ತೇಲಿಹೋಗುತ್ತವೆ. ಮತ್ತೆ ಎಳೆದರೆ ಮತ್ತೆ ಭರ್ರೆನ್ನುತ್ತದೆ. ಹದಿನೆಂಟು ವರ್ಷ, ದಿನಾ ನೋಡಿದ್ದು.

"ಇಂಜಿನ್ನು ಕೆಟ್ಟಿಲ್ಲ" ಎಂದಳು ಓಬಳಮ್ಮ. "ಕೆಳಗೆ ಆಯಿಲ್ ಚೇಂಬರಲ್ಲಿ ಎಣ್ಣೆ ಹೀರೋ ಪೈಪಿಗೆ ಒಂದು ಜಾಲರಿ ಇದೆ. ಅದಕ್ಕೆ ಏನೋ ಅಡ್ಡ ಬರ್ತಾ ಇದೆ. ನಿಂತ್ರೆ ಬಿಟ್ಟುಕೊಳ್ಳುತ್ತೆ, ಓಡಿದ್ರೆ ಹಿಡ್ಕೊಳ್ಳುತ್ತೆ."

"ಅಟ್ಲನಾ?" ಎಂದ ಆವಲಪ್ಪ. ಆಶ್ಚರ್ಯವಾದಾಗ ಅವನಿಗೆ ತೆಲುಗೇ ಮೊದಲು ಬರುವುದು. "ಚೇಂಬರ್ ಇಳಿಸಿದ ಮೇಲೆ ಏನೂ ಸಿಗದೇ ಇದ್ರೆ?"

"ಸಿಗದಿದ್ರೆ ಸಂಜೆ ಗಾಡಿ ಬರುತ್ತಲ್ಲ, ಹೋಗ್ಲಿ. ನಾನೇ ಜಗನ್ ಹತ್ರ ತಪ್ಪು ಒಪ್ಕೋತೀನಿ."

ಎಣ್ಣೆ ಸೋರಿಸಿ, ಮೊದಲು ಫಿಲ್ಟರನ್ನು ಕೊಯ್ದು ನೋಡಿದಳು. ಮಡಿಕೆಗಳನ್ನು ಬಿಡಿಸಿ ಬಿಸಿಲಿಗೆ ಹಿಡಿದು, ಅಯಸ್ಕಾಂತ ಆಡಿಸಿದಳು. ಮಿಂಚುವ ಪುಡಿ ಒಂದಿಷ್ಟೂ ಇರಲಿಲ್ಲ. ಬೇರಿಂಗು ಸವೆದಿದ್ದರೆ ಅದರ ಚೂರು ಅಲ್ಲಿ ಇರಲೇಬೇಕಿತ್ತು. ಟರ್ಬೊಗೆ ಗಾಳಿ ಹೋಗುವ ಪೈಪು ಕಳಚಿ ಒಳಗಿನ ಚಕ್ರವನ್ನು ಎರಡು ಬೆರಳಲ್ಲಿ ಹಿಡಿದಳು. ಹಗುರವಾಗಿ ತಿರುಗಿತು. ಹಿಂದಕ್ಕೂ ಮುಂದಕ್ಕೂ ಅಲ್ಲಾಡಲಿಲ್ಲ. "ಇದು ಬದುಕಿದೆ" ಎಂದು ತನ್ನಷ್ಟಕ್ಕೆ ಹೇಳಿಕೊಂಡಳು.

ಕಾರಿನ ಕೆಳಗೆ ಮಲಗಿ ಬೋಲ್ಟುಗಳನ್ನೆಲ್ಲ ಬಿಚ್ಚಿ ಚೇಂಬರ್ ಇಳಿಸುವ ಹೊತ್ತಿಗೆ ಹತ್ತೂವರೆ. ಸಂಘಮಿತ್ರ ಹೊರಗೆ ಬೇವಿನ ಮರದ ಕೆಳಗೆ ಫೋನಿನಲ್ಲಿ ಹುಡುಗಿಯರಿಗೆ ಏನೋ ಸಮಾಧಾನ ಹೇಳುತ್ತಿದ್ದಳು. ಓಬಳಮ್ಮ ಟಾರ್ಚಿನ ಬೆಳಕು ಬಿಟ್ಟು ಜಾಲರಿ ನೋಡಿದಳು. ಕಪ್ಪಗೆ, ಮೆತ್ತಗೆ, ಒಂದು ರೇಷ್ಮೆಗೂಡಿನಷ್ಟು ದಪ್ಪದ್ದೇನೋ ಅಂಟಿಕೊಂಡಿತ್ತು. ಚಿಮಟಿಗೆಯಲ್ಲಿ ಎಳೆದರೆ ಎಳೆಯೆಳೆಯಾಗಿ ಬಂತು.

ಪೆಟ್ರೋಲಿನಲ್ಲಿ ತೊಳೆದು, ಒಣಗಿಸಿ, ಒಂದು ಎಳೆ ಬಿಡಿಸಿಕೊಂಡು, ಕಾರಿನಿಂದ ದೂರ ಹೋಗಿ ಕಡ್ಡಿ ಗೀರಿದಳು. ಹತ್ತಿಯಾದರೆ ಕಾಗದ ಸುಟ್ಟ ವಾಸನೆ ಬರಬೇಕು. ಇದು ಕೂದಲು ಸುಟ್ಟ ವಾಸನೆ. ತುದಿಯಲ್ಲಿ ಸಣ್ಣ ಕರಿ ಮಣಿ ಕಟ್ಟಿತು, ಒತ್ತಿದರೆ ಪುಡಿಯಾಯಿತು. ಈ ಪರೀಕ್ಷೆ ಶಿಡ್ಲಘಟ್ಟದಲ್ಲಿ ಚಿಕ್ಕ ಮಕ್ಕಳಿಗೂ ಗೊತ್ತು. ಅದು ರೇಷ್ಮೆ.

ಡಿಸೆಂಬರಿನಲ್ಲಿ ಇದೇ ಕಾರಿನ ಇಂಜಿನ್ನಿನ ಮೇಲ್ಮುಚ್ಚಳ, ಟ್ಯಾಪೆಟ್ ಕವರಿನ ಪ್ಯಾಕಿಂಗ್ ಬದಲಾಯಿಸಿದವಳು ಅವಳೇ. ಅವತ್ತು ಧೂಳು ಬೀಳದಿರಲೆಂದು ಮೇಲಿನ ತೂತುಗಳಿಗೆಲ್ಲ ರೇಷ್ಮೆ ವೇಸ್ಟು ತುರುಕಿದ್ದಳು. ತೆಗೆಯುವಾಗ ಎಲ್ಲ ತೆಗೆದೆನೆಂದುಕೊಂಡಿದ್ದಳು. ಎಳೆಗಳು ಹರಿದು ಕೆಳಗಿಳಿದು, ಎರಡು ತಿಂಗಳು ಎಣ್ಣೆಯಲ್ಲಿ ಈಜಾಡಿ, ಒಂದನ್ನೊಂದು ಹುಡುಕಿಕೊಂಡು ಜಾಲರಿಯ ಮೇಲೆ ಸೇರಿದ್ದವು. ಹಳೆಯ ಜೀಪುಗಳ ದೊಡ್ಡ ಕಣ್ಣಿನ ಜಾಲರಿಯಲ್ಲಿ ಹಿಂದೆ ಇನ್ನೆಷ್ಟು ಎಳೆ ನುಸುಳಿಹೋಗಿತ್ತೋ, ಯಾರಿಗೆ ಗೊತ್ತು.

ಸಂಘಮಿತ್ರ ಇನ್ನೂ ಮರದ ಕೆಳಗಿದ್ದಳು. ಆವಲಪ್ಪ ಟೀ ತರಿಸಲು ಎದುರಿನ ಅಂಗಡಿಯ ಕಡೆ ಕೂಗುತ್ತಿದ್ದ. ಆ ಉಂಡೆಯನ್ನು ಕಸದ ಡಬ್ಬಕ್ಕೆ ಹಾಕಿ, ಏನೋ ಕಸ ಸಿಕ್ಕಿಕೊಂಡಿತ್ತು ಎಂದುಬಿಟ್ಟರೆ ಕೇಳುವವರಿರಲಿಲ್ಲ. ಓಬಳಮ್ಮ ಡಬ್ಬದ ಕಡೆ ಒಮ್ಮೆ ನೋಡಿದಳು. ಆಮೇಲೆ ತಗಡಿನ ಮೇಲೆ, ಅಳತೆಗಳ ಕೆಳಗೆ, "ರೇಷ್ಮೆ" ಎಂದು ಬರೆದು, ಹೊರಗೆ ಹೋಗಿ ಟೀಚರ ಅಂಗೈ ಮೇಲೆ ಉಂಡೆಯಿಟ್ಟಳು.

"ಇದು ನಂದು. ಡಿಸೆಂಬರಲ್ಲಿ ನಾನೇ ಒಳಗೆ ಬಿಟ್ಟಿದ್ದು. ನಿಮ್ಮ ಇಂಜಿನ್ನು ಚೆನ್ನಾಗಿದೆ, ತಪ್ಪು ನಂದು."

ಸಂಘಮಿತ್ರ ಉಂಡೆಯನ್ನು ತಿರುಗಿಸಿ ತಿರುಗಿಸಿ ನೋಡಿದಳು. "ಅಂದ್ರೆ ಇಂಜಿನ್ನು ಇಳಿಸಬೇಕಾಗಿಲ್ವಾ?"

"ಇಲ್ಲ."

"ನಾಳೆ ಗೌರಿಬಿದನೂರಿಗೆ ಹೋಗಬಹುದಾ?"

"ಸಾಯಂಕಾಲ ಒಂದು ಸುತ್ತು ಓಡಿಸಿ ನೋಡಿ ಹೇಳ್ತೀನಿ."

ಓಬಳಮ್ಮ ಬೈಗುಳಕ್ಕೆ ತಲೆ ತಗ್ಗಿಸಿಕೊಂಡು ನಿಂತಳು. ಬೈಗುಳ ಬರಲಿಲ್ಲ, ತಲೆಯೆತ್ತಿ ನೋಡಿದರೆ ಸಂಘಮಿತ್ರ ಬಾಯಿಗೆ ಕೈ ಅಡ್ಡ ಹಿಡಿದು ನಗುತ್ತಿದ್ದಳು.

"ನನ್ನ ಮದುವೆಗೂ ನಾನು ರೇಷ್ಮೆ ಸೀರೆ ಬೇಡ ಅಂದವಳು, ಓಬಳಮ್ಮಕ್ಕ. ನೀವು ನನ್ನ ಕಾರಿಗೆ ಒಳಗಿಂದ ಉಡಿಸಿದ್ದೀರಲ್ಲ."

"ಹೊಟ್ಟೆ ತುಂಬ ರೇಷ್ಮೆ ಇಟ್ಕೊಂಡು ಓಡಾಡಿದೆ" ಎಂದ ಆವಲಪ್ಪ, ಟೀ ಲೋಟ ಹಿಡಿದು ಕುಂಟುತ್ತ ಬಂದು. "ಇನ್ನೆರಡು ದಿನ ಬಿಟ್ಟಿದ್ರೆ ಮೊಟ್ಟೆ ಇಡ್ತಿತ್ತು ಕಣಮ್ಮ."

"ನೀನೇ ಅಲ್ವಾ ರೇಷ್ಮೆ ಮರ್ಯಾದೆ ಅಂತ ಊರೆಲ್ಲ ಸಾರಿದ್ದು?" ಎಂದಳು ಓಬಳಮ್ಮ. ಆಗ ಅವಳಿಗೂ ನಗು ತಡೆಯಲಾಗಲಿಲ್ಲ.

ಜಗನ್‌ಗೆ ಫೋನ್ ಮಾಡಿ ಗಾಡಿ ಕಳಿಸಬೇಡವೆಂದು ಅವಳೇ ಹೇಳಿದಳು. ಕಾರಣವನ್ನೂ ಮುಚ್ಚಿಡಲಿಲ್ಲ. ಅವನು ಒಂದು ಕಾಲದಲ್ಲಿ ಇದೇ ಶೆಡ್ಡಿನಲ್ಲಿ ಕೆಲಸ ಕಲಿತವನು. "ಹತ್ತು ನಿಮಿಷ ನಿಲ್ಲಿಸಿ ನೋಡೋದು ನಂಗೆ ಹೊಳೀಲೇ ಇಲ್ವಲ್ಲ, ಅಕ್ಕ" ಎಂದು ಅವನೇ ಪೇಚಾಡಿಕೊಂಡ.

ಮಧ್ಯಾಹ್ನವೆಲ್ಲ ತೊಳೆಯುವುದರಲ್ಲಿ ಹೋಯಿತು. ಜಾಲರಿ, ಪೈಪು, ಚೇಂಬರು, ಟರ್ಬೊಗೆ ಎಣ್ಣೆ ಹೋಗುವ ಸಣ್ಣ ಕೊಳವೆ, ಮೇಲೆ ಟ್ಯಾಪೆಟ್ ಕವರಿನ ಮೂಲೆಗಳು. ಒಂದು ಎಳೆಯೂ ಉಳಿಯದಂತೆ ಎರಡು ಸಲ ನೋಡಿದಳು. ಮೂರನೇ ಸಲ ಟೀಚರ ಕೈಗೆ ಟಾರ್ಚು ಕೊಟ್ಟು ನೋಡಿಸಿದಳು. ಚೇಂಬರಿನ ಅಂಚಿಗೆ ಗಮ್ಮನ್ನು ತೆಳ್ಳಗೆ ಎಳೆದಳು. ಹೆಚ್ಚಾದ ಗಮ್ಮು ಒಳಗೆ ಉದುರಿ ಅದೇ ಜಾಲರಿಗೆ ಅಡ್ಡ ಬರಬಾರದಲ್ಲ. ಅದು ಒಣಗುವವರೆಗೆ ಯಾರು ಅವಸರ ಮಾಡಿದರೂ ಕೇಳಲಿಲ್ಲ. ಹೊಸ ಎಣ್ಣೆ, ಹೊಸ ಫಿಲ್ಟರು ಹಾಕಿದಳು. ಐದು ಗಂಟೆಗೆ ಕಾರನ್ನು ಚಿಂತಾಮಣಿ ರಸ್ತೆಯಲ್ಲಿ ಇಪ್ಪತ್ತು ಕಿಲೋಮೀಟರು ಓಡಿಸಿಕೊಂಡು ಬಂದು, ಬಿಸಿಯಿರುವಾಗಲೇ ಗೇಜು ಕೂರಿಸಿದಳು. ಮುಳ್ಳು ಎರಡರ ಮೇಲೆ ನಿಂತಿತು. ಹದಿನೈದು ನಿಮಿಷವಾದರೂ ಅಲುಗಲಿಲ್ಲ.

"ಹೋಗ್ಬನ್ನಿ ಟೀಚರಮ್ಮ" ಎಂದಳು. "ದೀಪ ಬಂದ್ರೆ ಮಾತ್ರ ನಿಂತ ಜಾಗದಿಂದಲೇ ಫೋನ್ ಮಾಡಿ. ಒಂದು ಗೇಣೂ ಓಡಿಸಬಾರದು."

ಭಾನುವಾರ ಬೆಳಿಗ್ಗೆ ಐದೂ ಮುಕ್ಕಾಲಿಗೆ ಬಿಳಿ ಕಾರು ಶೆಡ್ಡಿನ ಮುಂದೆ ಬಂದು ನಿಂತಿತು. ಹಿಂದೆ ಮೂವರು, ಮುಂದೆ ಒಬ್ಬಳು, ನಾಲ್ವರೂ ನೀಲಿ ಟ್ರ್ಯಾಕ್‌ಸೂಟಿನಲ್ಲಿ. ಓಬಳಮ್ಮ ಕಿಟಕಿಯಿಂದ ಬಗ್ಗಿ ದೀಪದ ಜಾಗ ನೋಡಿದಳು. ಅಲ್ಲಿ ಏನೂ ಇರಲಿಲ್ಲ. ಇಂಜಿನ್ನು ಸಣ್ಣ ದನಿಯಲ್ಲಿ ತಿರುಗುತ್ತಿತ್ತು. ಮುಂದಿನ ಸೀಟಿನ ಹುಡುಗಿ ರಿಲೇ ಕೋಲನ್ನು ಎದೆಗವಚಿಕೊಂಡಿದ್ದಳು.

"ಕೈ ಜಾರಿಸಬೇಡ್ರಮ್ಮ" ಎಂದಳು ಓಬಳಮ್ಮ.

ಸಂಜೆ ಅವರು ವಾಪಸು ಬಂದಾಗ ಎರಡನೇ ಸ್ಥಾನದ ಪುಟ್ಟ ಟ್ರೋಫಿ ಡ್ಯಾಶ್‌ಬೋರ್ಡಿನ ಮೇಲಿತ್ತು. ದಾರಿಯುದ್ದಕ್ಕೂ ಐದು ಜೊತೆ ಕಣ್ಣುಗಳು ಕೆಂಪು ದೀಪಕ್ಕೆ ಕಾವಲಿದ್ದವಂತೆ. ಒಂದು ಸಲವೂ ಅದು ಮಿನುಗಲಿಲ್ಲವಂತೆ. ಹುಡುಗಿಯರು ಇಳಿದು ಶೆಡ್ಡಿನ ತಗಡಿನ ಮೇಲಿನ ಅಳತೆಗಳನ್ನು ಜೋರಾಗಿ ಓದಿದರು. ಕೊನೆಯ ಪದ ಬಂದಾಗ ನಾಲ್ವರೂ ಒಟ್ಟಿಗೆ ನಕ್ಕರು.

ಆ ಪದವನ್ನು ಓಬಳಮ್ಮ ಅಳಿಸಿಲ್ಲ. ಈಗ ಶೆಡ್ಡಿನಲ್ಲಿ ಕೈ ಒರೆಸಲು ಬನಿಯನ್ ಬಟ್ಟೆಯಿದೆ, ತೂತುಗಳಿಗೆ ಪ್ಲಾಸ್ಟಿಕ್ ಮುಚ್ಚಳಗಳಿವೆ; ಹಾಕಿದ್ದೆಷ್ಟು, ತೆಗೆದದ್ದೆಷ್ಟು ಎಂದು ಎಣಿಸಿಯೇ ಬಾನೆಟ್ ಮುಚ್ಚುತ್ತಾಳೆ. ಗೆಳತಿಯರು ಕಳಿಸಿದ್ದ ಚೀಲದ ರೇಷ್ಮೆಯನ್ನೆಲ್ಲ ತೊಳೆದು ಒಣಗಿಸಿ, ಹಳೆಯ ಪಂಚೆಯಲ್ಲಿ ತುಂಬಿ ಹೊಲಿದು, ಆವಲಪ್ಪನ ಕುರ್ಚಿಗೆ ಒಂದು ದಿಂಬು ಮಾಡಿಕೊಟ್ಟಿದ್ದಾಳೆ. ಅವನು ಅದಕ್ಕೆ ಸೊಂಟ ಆನಿಸಿಕೊಂಡು, ಬಂದವರಿಗೆಲ್ಲ ಮೊದಲಿನಂತೆಯೇ ರಿಪೇರಿ ಹೇಳುತ್ತಾನೆ.