ವಿಭೂತಿ ಹಚ್ಚಿದ ಹಡಗುಗಳು

1941ರ ಡಿಸೆಂಬರ್ ಹತ್ತರಂದು ಮಲಯದ ಪೂರ್ವ ಕರಾವಳಿಯಾಚೆ ಜಪಾನಿ ವಿಮಾನಗಳು ಬ್ರಿಟಿಷರ ಎರಡು ದೊಡ್ಡ ಯುದ್ಧನೌಕೆಗಳನ್ನು ಮುಳುಗಿಸಿದವು. ಒಂದರ ಹೆಸರು ಪ್ರಿನ್ಸ್ ಆಫ್ ವೇಲ್ಸ್, ಇನ್ನೊಂದರದು ರಿಪಲ್ಸ್. ಆ ಸುದ್ದಿ ಶಿರಾದ ನಮ್ಮ ಮನೆಗೆ ತಲುಪಿದ ದಿನ ಒಲೆ ಉರಿಯಲಿಲ್ಲ.

ಹುಣಸೆಬೀಜದ ಅಂಟು ಕುದಿಯುವ ವಾಸನೆ ಎಲ್ಲಾದರೂ ಮೂಗಿಗೆ ಬಡಿದರೆ ಇಂದಿಗೂ ನಾನು ಅಲ್ಲಿಂದ ಎದ್ದು ಹೋಗುತ್ತೇನೆ. ನಮ್ಮ ತಾತ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತರಾಗಿದ್ದು ನಿವೃತ್ತರಾದವರು. ಸಮುದ್ರವನ್ನು ಕಂಡವರಲ್ಲ, ಅವರು ಕಂಡ ಅತಿ ದೊಡ್ಡ ನೀರೆಂದರೆ ಮಳೆ ಚೆನ್ನಾಗಿ ಬಂದ ವರ್ಷದ ಶಿರಾ ಕೆರೆ. ಆದರೆ ಪಡಸಾಲೆಯ ಗೋಡೆಯ ತುಂಬ ಅವರ ಯುದ್ಧನೌಕೆಗಳಿದ್ದವು. ತುಮಕೂರಿನಿಂದ ಇದ್ದಿಲ ಅನಿಲದಿಂದ ಓಡುವ ಬಸ್ಸಿನಲ್ಲಿ ಬರುವ ಪತ್ರಿಕೆಯನ್ನು ಮೊದಲು ಜಗಲಿಯ ಮೇಲೆ ಗಟ್ಟಿಯಾಗಿ ಓದುವುದು, ಆಮೇಲೆ ಹಡಗಿನ ಚಿತ್ರವಿದ್ದರೆ ಕತ್ತರಿಸಿ ಅಂಟಿಸುವುದು ಅವರ ದಿನಚರಿ. ಹುರಿದು, ಸಿಪ್ಪೆ ತೆಗೆದು, ಅರೆದ ಹುಣಸೆಬೀಜವನ್ನು ಕುದಿಸಿ, ಹುಳ ಹತ್ತದಂತೆ ಮೈಲುತುತ್ತ ಬೆರೆಸಿ ಅಂಟು ಕಲಕುವುದು ಮೊಮ್ಮಗಳಾದ ನನ್ನ ಕೆಲಸ. ನೀಲಿ ತಿರುಗಿದ ಆ ಲೋಳೆಯಲ್ಲಿ ಬೆರಳದ್ದಿ ಕಾಗದದ ಬೆನ್ನಿಗೆ ಸವರುತ್ತಿದ್ದೆ. ಯಾವುದಾದರೂ ಹಡಗು ಮುಳುಗಿದರೆ ತಾತ ಅದರ ಚಿತ್ರದ ಕೆಳಗೆ ಮೂರು ಬೆರಳಿನಿಂದ ವಿಭೂತಿ ಎಳೆಯುತ್ತಿದ್ದರು. ನಮ್ಮದು ಲಿಂಗಾಯತರ ಮನೆ. ಮನೆಯವರು ಸತ್ತರೂ ಸೂತಕ ಹಿಡಿಯುವ ಪದ್ಧತಿ ನಮ್ಮಲ್ಲಿಲ್ಲ. ಹಡಗು ಸತ್ತರೆ ಮಾತ್ರ ತಾತ ಒಲೆ ಹಚ್ಚಗೊಡುತ್ತಿರಲಿಲ್ಲ.

ಆ ದಿನ ಹಿಂದಿನ ಬೀದಿಯ ಹಲೀಮಾಬಿ ನಮ್ಮ ಮನೆಯಿಂದ ಹೊಗೆ ಏಳದ್ದನ್ನು ಕಂಡು, ಯಾರೋ ತೀರಿಹೋದರೆಂದುಕೊಂಡು, ಒಂದು ಚೆಂಬು ಹಾಲು ಹಿಡಿದು ಓಡಿಬಂದರು. ಹಾಸಿಗೆ, ರಜಾಯಿ ಹೊಲಿದು ಬದುಕುತ್ತಿದ್ದ ವಿಧವೆ. ಒಬ್ಬನೇ ಮಗ ಗಫಾರ್ ಮುಂಬಯಿಗೆ ಹೋಗಿ ಸರಕು ಹಡಗೊಂದರ ಒಲೆಗೆ ಕಲ್ಲಿದ್ದಲು ಹಾಕುವ ಕೆಲಸ ಹಿಡಿದಿದ್ದ. ಮಗನ ಕಾಗದ ಬಂದಾಗ ಓದಿ ಹೇಳುತ್ತಿದ್ದವಳು ನಾನೇ. ಅವನ ಹಡಗಿಗೆ ಇಂಗ್ಲೆಂಡಿನ ಯಾವುದೋ ಊರಿನ ಹೆಸರಿತ್ತು.

"ಯಾರೋದ್ರು ಯಜಮಾನ್ರೇ?" ಎಂದು ಅವರು ಮೆಟ್ಟಿಲ ಬಳಿ ನಿಂತು ಕೇಳಿದರು.

ತಾತನ ಪಕ್ಕ ಕೂತಿದ್ದ ಕಡಲೆಕಾಯಿ ಮಂಡಿಯ ರುದ್ರಪ್ಪ, "ಹಡಗು ಹೋತು ಕಣಮ್ಮ. ಒಂದಲ್ಲ, ಎರಡು" ಎಂದ.

"ಯಾ ಅಲ್ಲಾ! ನಮ್ಮುಡುಗಂದಾ?"

"ನಿನ್ ಮಗಂದು ಮೂಟೆ ಹೊರೋ ಹಡಗು. ಇವು ರಾಜ್ರುವು" ಎಂದರು ತಾತ.

"ನಿನ್ ಮಗ ಮುಳುಗಿದ್ರೆ ಒಂದು ಗುಳ್ಳೇನೂ ಏಳಾಕಿಲ್ಲ ಬುಡು" ಎಂದು ರುದ್ರಪ್ಪ ನಕ್ಕ.

"ನಿಮ್ ಗೋಡೆ ಹಡಗು ನೆನೆಯಾಕಿಲ್ಲ ರುದ್ರಣ್ಣ, ಅದ್ಕೇ ನಗು ಬತ್ತೈತೆ. ನನ್ ಮಗ ನೀರ್ ಮ್ಯಾಗವ್ನೆ" ಎಂದು ಹಲೀಮಾಬಿ ಚೆಂಬನ್ನು ಜಗಲಿಯ ಅಂಚಿಗಿಟ್ಟರು. "ಹೈಕ್ಳಿಗಾದ್ರೂ ಕೊಡ್ರಿ, ಹಸ್ಕಂಡಿರ್ತಾವೆ."

ನನಗೆ ಬೆಳಗಿನಿಂದ ಹಸಿವು. ಅವರು ತಿರುಗಿದ ಮೇಲೆ ಅಜ್ಜಿ ಹಾಲನ್ನು ಬಚ್ಚಲಿಗೆ ಸುರಿದು, ಚೆಂಬಿಗೆ ಮೂರು ಸಲ ನೀರು ಹುಯ್ದು ಹೊರಗಿಟ್ಟರು. ಕಪ್ಪು ಕಲ್ಲಿನ ಮೇಲೆ ಹಾಲು ಹರಿದು ಕೊಳೆನೀರಿಗೆ ಸೇರಿದ್ದು ಕಣ್ಣಿಗೆ ಕಟ್ಟಿದಂತಿದೆ. ಒಳಗೆ ತಾತ ಎರಡು ಚಿತ್ರಗಳಿಗೆ ವಿಭೂತಿ ಎಳೆದು ಕಣ್ಣೊರೆಸಿಕೊಳ್ಳುತ್ತಿದ್ದರು. ಅವು ನಿಜವಾದ ಕಣ್ಣೀರು. ಅದನ್ನು ನೆನೆದಾಗಲೇ ನನಗೆ ಹೆಚ್ಚು ಹೇಸಿಗೆಯಾಗುವುದು.

ಮುಂದಿನ ಬೇಸಿಗೆಯ ಒಂದು ದಿನ ಹೊಸ ಯುದ್ಧನೌಕೆಯೊಂದರ ಚಿತ್ರ ಬಂತು, ಅರ್ಧ ಪುಟದಷ್ಟು ದೊಡ್ಡದು. ಅಂಟು ಸವರಲು ಕಾಗದವನ್ನು ಮಗುಚಿದಾಗ, ಬೆನ್ನಿನಲ್ಲಿ ಸಣ್ಣ ಅಕ್ಷರದ ಸುದ್ದಿಯಲ್ಲಿ ಗಫಾರನ ಹಡಗಿನ ಹೆಸರಿತ್ತು. ಹಡಗು ಶತ್ರುವಿನ ದಾಳಿಯಿಂದ ಮುಳುಗಿದೆ; ಕೆಲವು ಖಲಾಸಿಗಳನ್ನು ನೀರಿನಿಂದ ಎತ್ತಿ ಆಸ್ಪತ್ರೆಗೆ ಸೇರಿಸಲಾಗಿದೆ; ಸಂಬಂಧಿಕರು ತಂದೆಯ ಹೆಸರು, ಊರು ತಿಳಿಸಿ ಮುಂಬಯಿಯ ಹಡಗು ಕಚೇರಿಗೆ ಬರೆಯಬೇಕು. ಇಷ್ಟೇ ಸುದ್ದಿ.

"ತಾತ, ಇದು ಹಲೀಮಾಬಿ ಮಗನ ಹಡಗು" ಎಂದೆ.

"ನೋಡ್ದೆ. ಅವಳಿಗೆ ಹೇಳಿ ಅಳಿಸ್ಬ್ಯಾಡ. ಹಚ್ಚು, ಅಂಟು ಒಣಗ್ತೈತೆ."

"ಸುದ್ದಿ ಒಂದನ್ನ ಕತ್ತರಿಸಿ ಕೊಡ್ಲಾ?"

"ಚಿತ್ರದ ನಡುಮಧ್ಯೆ ತೂತು ಮಾಡ್ತೀಯೇನೇ?"

ನಾನು ಹಚ್ಚಿದೆ. ಗಾಳಿಗುಳ್ಳೆ ಉಳಿಯದಂತೆ ಅಂಗೈಯಿಂದ ತೀಡಿದೆ. ತಾತ ಮೆಚ್ಚಿ ಬೆಲ್ಲದಚ್ಚಿನ ಒಂದು ಚೂರು ಕೊಟ್ಟರು. ಅಂಟಿನ ಕೈಯಲ್ಲೇ ತಿಂದೆ. ಅವರು ನನ್ನನ್ನು ಎತ್ತಿ ಆಡಿಸಿದವರು, ಅಕ್ಷರ ಕಲಿಸಿದವರು, ಜ್ವರ ಬಂದರೆ ಹಾಸಿಗೆಯ ಪಕ್ಕ ಕೂತಿರುತ್ತಿದ್ದವರು. ಅವರ ಮಾತು ಮೀರುವುದು ನನಗೆ ತಿಳಿದಿರಲಿಲ್ಲ ಎಂದು ಈಗ ಬರೆಯಬಹುದು. ಆದರೆ ಆ ಸುದ್ದಿಯ ಅರ್ಥ ನನಗೆ ಆಗಿತ್ತು. ಹಲೀಮಾಬಿ ವಾರವಾರವೂ ಬಂದು "ಪೇಪರ್‌ನಾಗೆ ಏನಾರ ಬಂತಾ ಯಜಮಾನ್ರೇ?" ಎನ್ನುತ್ತಿದ್ದರು. ಆ ಗೋಡೆಗೆ ಒರಗಿ ಕೂತ ತಾತ "ಏನೂ ಇಲ್ಲ ಕಣಮ್ಮ" ಎನ್ನುತ್ತಿದ್ದರು. ನಾನು ಬೇರೆ ಕಡೆ ನೋಡುತ್ತಿದ್ದೆ. ಹೀಗೆ ಐದು ವರ್ಷ.

1947ರ ಆಗಸ್ಟಿನಲ್ಲಿ ಊರಲ್ಲೆಲ್ಲ ಬಾವುಟದ ಬಟ್ಟೆಗೆ ಓಡಾಟವಾಗುತ್ತಿದ್ದಾಗ ತಾತ ಗೋಡೆಯತ್ತ ಕೈ ಮಾಡಿ, "ಜನ ಬತ್ತಾರೆ. ಇವನ್ನೆಲ್ಲ ಕೆರೆದಾಕಿ ಸುಣ್ಣ ಹೊಡೀರಿ" ಎಂದರು. ರುದ್ರಪ್ಪನೇ ಕೆರೆಯಲು ಕರಣೆ ತಂದ. ರಾಜರ ಹಡಗುಗಳು ವಿಭೂತಿಯ ಸಮೇತ ಚೂರುಚೂರಾಗಿ ಕಸದ ಬುಟ್ಟಿಗೆ ಬಿದ್ದವು. ಯಾರೂ ಕಣ್ಣೊರೆಸಿಕೊಳ್ಳಲಿಲ್ಲ, ಮಧ್ಯಾಹ್ನ ಒಬ್ಬಟ್ಟಿನ ಊಟವಿತ್ತು. ನಾನು ಆ ಒಂದು ಚಿತ್ರದ ಮೇಲೆ ಬಿಸಿನೀರಿನ ಬಟ್ಟೆ ಒತ್ತಿಹಿಡಿದು, ಹಳೆಯ ಅಂಟು ಮತ್ತೆ ನಾರುವವರೆಗೆ ನೆನೆಸಿ, ಇಡಿಯಾಗಿ ಬಿಡಿಸಿಕೊಂಡೆ. ಒದ್ದೆ ಕಾಗದವನ್ನು ಅಂಗೈ ಮೇಲೆ ಹರಡಿಕೊಂಡು ಹಿಂದಿನ ಬೀದಿಗೆ ಹೋದೆ.

ಓದಿ ಮುಗಿಸಿದಾಗ ಹಲೀಮಾಬಿ ರಜಾಯಿಯಿಂದ ಸೂಜಿ ಎತ್ತಿರಲಿಲ್ಲ.

"ಅಂಟಿಸಿದ್ದು ನೀನೇನಾ ಮಗಾ?"

"ಹೂಂ."

ಅವರು ಬಯ್ಯಲಿಲ್ಲ. "ಬರಿ ಅಂಗಾರೆ" ಎಂದರು. "ಅವರಪ್ಪನ ಹೆಸರು ಹೇಳ್ತೀನಿ, ಬರಿ."

ಬರೆದೆ. ಎರಡು ತಿಂಗಳ ಮೇಲೆ ಹಡಗು ಕಚೇರಿಯಿಂದ ಟೈಪು ಮಾಡಿದ ಉತ್ತರ ಬಂತು. ಆಸ್ಪತ್ರೆಗೆ ಸೇರಿಸಿದವರ ಪಟ್ಟಿಯಲ್ಲಿ ಗಫಾರ್ ಎಂಬ ಒಬ್ಬನಿದ್ದ. ತಂದೆಯ ಹೆಸರು, ಊರು ದಾಖಲಾಗಿರಲಿಲ್ಲವಾದ್ದರಿಂದ ಅವನು ಹಲೀಮಾಬಿಯ ಮಗನೇ ಎಂದು ಕಚೇರಿ ಹೇಳಲಾರದು. ಅವನ ಪರವಾಗಿ ಯಾರೂ ಬರೆದಿರಲಿಲ್ಲ. ಗುಣವಾದ ಮೇಲೆ ಅವನು ಇನ್ನೊಂದು ಸರಕು ಹಡಗಿಗೆ ಸೇರಿದ. ಆ ಹಡಗು ಬಂದರು ಬಿಟ್ಟಿದ್ದಕ್ಕೆ ದಾಖಲೆಯಿದೆ, ತಲುಪಿದ್ದಕ್ಕೆ ಇಲ್ಲ.